ಅಡಗಿ ಗೆಲ್ಲುವ ಆಟಗಳ ಐವತ್ತು ವರ್ಷ

ದೆವ್ವದ ಗೇಮ್ ಮುಗಿಸುವುದು ಹೇಗೆ ಎಂದು ಆಫೀಸಿನ ಕಿರಿಯರು ಆಗಾಗ ಕೇಳುತ್ತಾರೆ. ಅವರು ಕೇಳುವುದು ಗುಂಡು ಹಾರಿಸುವ ಗೇಮ್‌ಗಳ ಬಗ್ಗೆ ಅಲ್ಲ. ಕೈಯಲ್ಲಿ ಆಯುಧವಿಲ್ಲದೆ ಕತ್ತಲ ಮನೆಯಲ್ಲಿ ಸಿಕ್ಕಿಬಿದ್ದು, ಬೀಗಗಳ ಒಗಟು ಬಿಡಿಸುತ್ತ, ಬೆನ್ನಟ್ಟುವವರ ಕಣ್ಣು ತಪ್ಪಿಸಿ ಹೊರಬರಬೇಕಾದ ಗೇಮ್‌ಗಳ ಬಗ್ಗೆ. ನಾವು ಬೀದಿಯಲ್ಲಿ ಆಡುತ್ತಿದ್ದ ಐಸ್‌ಪೈಸ್‌ಗೆ ಭಯವನ್ನೂ ಕೀಲಿಕೈಯನ್ನೂ ಸೇರಿಸಿದಂತೆ. ಕೇಳುವವರಿಗೆ ಬೇಕಾದದ್ದು ಪಟ್ಟಿ: ಕೀಲಿ ಯಾವ ಡ್ರಾಯರಿನಲ್ಲಿದೆ, ಯಾವ ಬೀರುವಿನಲ್ಲಿ ಅಡಗಬೇಕು. ನಾನು ಪಟ್ಟಿ ಕೊಡುವುದಿಲ್ಲ, ಒಂದು ಪ್ರಶ್ನೆ ಕೊಡುತ್ತೇನೆ. ನಿಮ್ಮನ್ನು ಹುಡುಕುತ್ತಿರುವ ಪ್ರಾಣಿಗೆ ನಿಮ್ಮ ಬಗ್ಗೆ ಏನು ಗೊತ್ತು, ಅದು ಹೇಗೆ ಗೊತ್ತಾಯಿತು?

ಈ ಬಗೆಯ ಗೇಮ್‌ಗಳ ಐವತ್ತು ವರ್ಷದ ಚರಿತ್ರೆಯೆಲ್ಲ ಈ ಪ್ರಶ್ನೆಯ ಸುತ್ತಲೇ ಬೆಳೆದಿದೆ. ಆಟಗಾರರು ಒಂದು ಉಪಾಯ ಕಂಡುಕೊಳ್ಳುತ್ತಾರೆ, ಗೇಮ್ ಮಾಡುವವರು ಮುಂದಿನ ಸಲ ಅದನ್ನು ಕಸಿದುಕೊಳ್ಳುತ್ತಾರೆ. ಆದರೂ ಹಳೆಯ ಉಪಾಯಗಳು ಪೂರ್ತಿ ಸತ್ತಿಲ್ಲ. ಅವು ಹುಟ್ಟಿದ ಕ್ರಮದಲ್ಲೇ ನೋಡಿದರೆ ಇವತ್ತಿನ ಗೇಮ್ ಆಡುವುದಕ್ಕೂ ದಾರಿ ಸಿಗುತ್ತದೆ.

ಶುರು ಮಾಡಬೇಕಾದದ್ದು 1973ರಿಂದ. ಅಮೆರಿಕದ ಗ್ರೆಗರಿ ಯಾಬ್ ಎಂಬುವವರು ‘ಹಂಟ್ ದ ವಂಪಸ್’ ಬರೆದರು. ಆ ಕಾಲದಲ್ಲಿ ಕಂಪ್ಯೂಟರಿನಲ್ಲಿ ಅಡಗಿದ್ದನ್ನು ಹುಡುಕುವ ಕೆಲವು ಆಟಗಳಿದ್ದವು, ಎಲ್ಲವೂ ಹತ್ತು ಹತ್ತರ ಚೌಕದ ಮೇಲೆ. ಆ ಚೌಕ ಯಾಬ್‌ಗೆ ಬೇಸರ ತಂದಿತ್ತು. ಅವರು ಇಪ್ಪತ್ತು ಕೋಣೆಗಳ ಗುಹೆ ಮಾಡಿದರು, ಪ್ರತಿ ಕೋಣೆಯಿಂದ ಮೂರು ಸುರಂಗ. ಚಿತ್ರವಿಲ್ಲ, ಸದ್ದಿಲ್ಲ, ಬರೀ ಅಕ್ಷರ. ಪಕ್ಕದ ಕೋಣೆಯಲ್ಲಿ ವಂಪಸ್ ಎಂಬ ಪ್ರಾಣಿ ಮಲಗಿದ್ದರೆ ಅದರ ವಾಸನೆ ಬರುತ್ತಿದೆ ಎಂದು ಗೇಮ್ ಹೇಳುತ್ತದೆ. ಆಳದ ಹಳ್ಳವಿದ್ದರೆ ತಣ್ಣನೆ ಗಾಳಿ ಬೀಸುತ್ತದೆ. ಆದರೆ ಮೂರು ಸುರಂಗಗಳಲ್ಲಿ ಯಾವುದರ ಆಚೆ ಎಂದು ಮಾತ್ರ ಹೇಳುವುದಿಲ್ಲ.

ಇಲ್ಲಿ ಕೊನೆಗೆ ಬಾಣ ಹೊಡೆದೇ ಗೆಲ್ಲಬೇಕು, ಆದ್ದರಿಂದ ಇದು ಪೂರ್ತಿ ಅಡಗುವ ಆಟವಲ್ಲ. ಆದರೂ ಮೊದಲ ಪಾಠ ಇಲ್ಲಿಂದಲೇ ಬಂತು: ಹಾಳೆ, ಪೆನ್ಸಿಲ್ ತೆಗೆದುಕೊಂಡು ನಕ್ಷೆ ಬರೆಯಿರಿ. ಒಂದು ಕೋಣೆಯಲ್ಲೂ ವಾಸನೆ, ಇನ್ನೊಂದು ಕೋಣೆಯಲ್ಲೂ ವಾಸನೆ ಅಂದರೆ ಎರಡಕ್ಕೂ ಹೊಂದಿಕೊಂಡ ಕೋಣೆಯ ಮೇಲೆ ಅನುಮಾನ. ಸುಮ್ಮನೆ ಓಡಾಡಿದವರು ಹಳ್ಳಕ್ಕೆ ಬಿದ್ದರು, ಬರೆದುಕೊಂಡವರು ಉಳಿದರು.

ಎರಡನೆಯ ಪಾಠ ಎಲ್ಲರೂ ಬಲ್ಲ ಗೇಮಿನಿಂದ ಬಂದದ್ದು. ಜಪಾನಿನ ನಾಮ್ಕೋ ಕಂಪನಿಯ ತೋರು ಇವಾತಾನಿ 1980ರಲ್ಲಿ ಮಾಡಿದ ‘ಪ್ಯಾಕ್‌ಮ್ಯಾನ್’ನಲ್ಲಿ ನಾಲ್ಕು ದೆವ್ವಗಳಿವೆ. ನೋಡಲು ಬಣ್ಣವಷ್ಟೇ ಬೇರೆ ಅನ್ನಿಸಿದರೂ ಸ್ವಭಾವವೂ ಬೇರೆ. ಕೆಂಪು ದೆವ್ವ ನೇರ ಬೆನ್ನು ಹತ್ತುತ್ತದೆ. ಗುಲಾಬಿ ದೆವ್ವ ನಿಮ್ಮ ಮುಂದಿನ ನಾಲ್ಕು ಮನೆ ಲೆಕ್ಕ ಹಾಕಿ ಅಡ್ಡಗಟ್ಟಲು ನೋಡುತ್ತದೆ. ಕಿತ್ತಳೆ ದೆವ್ವ ಹತ್ತಿರ ಬಂದಮೇಲೆ ತನ್ನ ಮೂಲೆಗೆ ತಿರುಗಿ ಹೋಗುತ್ತದೆ. ನಡುನಡುವೆ ನಾಲ್ಕೂ ಬೆನ್ನಟ್ಟುವುದು ಬಿಟ್ಟು ಮೂಲೆಗಳಿಗೆ ಚದುರುತ್ತವೆ, ಆಗ ನಿಮಗೆ ಉಸಿರಾಡಲು ಬಿಡುವು.

ಈ ನಿಯಮಗಳಲ್ಲಿ ಅದೃಷ್ಟದ ಆಟವಿರಲಿಲ್ಲ. ನೀವು ಒಂದೇ ದಾರಿಯಲ್ಲಿ ಓಡಿದರೆ ದೆವ್ವಗಳೂ ಪ್ರತಿಸಲ ಅದೇ ದಾರಿಯಲ್ಲಿ ಬರುತ್ತಿದ್ದವು. ಇದು ಗೊತ್ತಾದಮೇಲೆ ಆಟಗಾರರು ಇಡೀ ಹಂತದ ದಾರಿಯನ್ನು ಬಾಯಿಪಾಠ ಮಾಡಿದರು. ಇಸ್ಪೀಟಿನ ಬ್ಲ್ಯಾಕ್‌ಜಾಕ್ ಆಟದಲ್ಲಿ ಎಲೆ ಲೆಕ್ಕ ಹಾಕಿ ಹೆಸರು ಮಾಡಿದ್ದ ಕೆನ್ ಉಸ್ಟನ್ ಈ ದಾರಿಗಳ ಬಗ್ಗೆ ಪುಸ್ತಕವನ್ನೇ ಬರೆದರು. ಇವತ್ತಿನ ‘ಗೈಡ್’ ವಿಡಿಯೋಗಳ ಹಿರಿಯಜ್ಜ ಅದು. ಜೊತೆಗೆ ಒಂದು ವಿಷಯವೂ ಸ್ಪಷ್ಟವಾಯಿತು: ದಾರಿ ಬಾಯಿಪಾಠವಾದ ದಿನ ದೆವ್ವ ದೆವ್ವವಾಗಿ ಉಳಿಯುವುದಿಲ್ಲ, ಟೈಮಿಗೆ ಬರುವ ಸಿಟಿ ಬಸ್ಸಾಗುತ್ತದೆ.

1982ರಲ್ಲಿ ಅಟಾರಿ 2600ಕ್ಕೆ ಬಂದ ‘ಹಾಂಟೆಡ್ ಹೌಸ್’ ಬೆಳಕಿಗೆ ಬೆಲೆ ಕಟ್ಟಿತು. ಪರದೆ ಪೂರ್ತಿ ಕಪ್ಪು, ಆಟಗಾರ ಅಂದರೆ ಬರೀ ಎರಡು ಕಣ್ಣು. ಮುರಿದ ಕಲಶದ ಮೂರು ಚೂರುಗಳನ್ನು ಹುಡುಕಿ ಹೊರಗೆ ತರಬೇಕು. ಬೆಂಕಿಕಡ್ಡಿ ಗೀರಿದರೆ ಸುತ್ತಲಿನ ಸ್ವಲ್ಪ ಜಾಗ ಕಾಣುತ್ತದೆ, ಏನಾದರೂ ಹತ್ತಿರ ಬಂದರೆ ಗಾಳಿ ಬೀಸಿ ಕಡ್ಡಿ ಆರುತ್ತದೆ. ಕಡ್ಡಿಗೆ ಮಿತಿಯಿಲ್ಲ, ಆದರೆ ಎಷ್ಟು ಗೀರಿದಿರಿ ಎಂಬ ಲೆಕ್ಕ ಕೊನೆಗೆ ಪರದೆಯ ಮೇಲೆ ಬರುತ್ತದೆ. ಕೈಯಲ್ಲಿ ಒಂದು ಸಲಕ್ಕೆ ಒಂದೇ ವಸ್ತು. ದೆವ್ವ ತಡೆಯುವ ರಾಜದಂಡ ಹಿಡಿದಿದ್ದರೆ ಕೀಲಿ ಹಿಡಿಯುವಂತಿಲ್ಲ, ಕೀಲಿ ಹಿಡಿದರೆ ರಕ್ಷಣೆಯಿಲ್ಲ. ಯಾವುದನ್ನು ಎಲ್ಲಿ ಇಟ್ಟು, ಯಾವುದನ್ನು ಯಾವಾಗ ಎತ್ತಿಕೊಳ್ಳಬೇಕು? ಈ ಬಗೆಯ ಗೇಮ್‌ಗಳಲ್ಲಿ ಒಗಟು ಎಂದರೆ ಬಹುಪಾಲು ಇದೇ, ಈಗಲೂ.

ಆಯುಧವನ್ನು ಹೆಚ್ಚುಕಡಿಮೆ ಪೂರ್ತಿ ಕಸಿದದ್ದು 1995ರ ‘ಕ್ಲಾಕ್ ಟವರ್’. ಜಪಾನಿನ ಹ್ಯೂಮನ್ ಎಂಟರ್‌ಟೇನ್‌ಮೆಂಟ್ ಕಂಪನಿಯ ಹಿಫುಮಿ ಕೋನೋ ಇದನ್ನು ಸೂಪರ್ ಫ್ಯಾಮಿಕಾಮ್‌ಗೆ ಮಾಡಿದರು. ಇಟಲಿಯ ಡಾರಿಯೋ ಅರ್ಜೆಂಟೋ ಅವರ ‘ಫಿನಾಮಿನಾ’ ಸಿನಿಮಾದ ಪ್ರಭಾವ ಇದರ ಮೇಲೆ ಎದ್ದು ಕಾಣುತ್ತದೆ. ಜೆನ್ನಿಫರ್ ಎಂಬ ಅನಾಥ ಹುಡುಗಿ, ದೊಡ್ಡ ಬಂಗಲೆ, ಆಳೆತ್ತರದ ಕತ್ತರಿ ಹಿಡಿದು ಅಟ್ಟಿಸಿಕೊಂಡು ಬರುವವನೊಬ್ಬ. ಓಡಿದರೆ ಹುಡುಗಿಗೆ ಆಯಾಸ, ಮುಖದ ಹಿಂದಿನ ಬಣ್ಣ ನೀಲಿಯಿಂದ ಕೆಂಪಿಗೆ ತಿರುಗುತ್ತದೆ. ಕೂತು ಸುಧಾರಿಸಿಕೊಂಡರೆ ಮತ್ತೆ ಶಕ್ತಿ. ಕೋಣೆಗಳ ಜೋಡಣೆಯೂ ಪ್ರತಿಸಲ ಸ್ವಲ್ಪ ಬದಲಾಗುತ್ತದೆ, ಹೀಗಾಗಿ ಪ್ಯಾಕ್‌ಮ್ಯಾನ್‌ನಂತೆ ಬಾಯಿಪಾಠ ನಡೆಯುವುದಿಲ್ಲ. ಉಳಿದ ಉಪಾಯ ಎರಡು. ಹೊಸ ಕೋಣೆಗೆ ಹೋದ ಕೂಡಲೇ ಅಡಗುವ ಜಾಗ ಗುರುತು ಮಾಡಿಕೊಳ್ಳುವುದು, ಅಟ್ಟಿಸಿಕೊಂಡು ಬರುವಾಗ ಅಲ್ಲ. ಯಾರೂ ಬೆನ್ನು ಹತ್ತದಿದ್ದಾಗ ವಿಶ್ರಾಂತಿ ಪಡೆಯುವುದು, ಸುಸ್ತಾದಮೇಲೆ ಅಲ್ಲ.

ಕಿವಿಯ ಪಾಠ 1998ರಲ್ಲಿ ಬಂತು, ಭಯದ ಗೇಮ್‌ನಿಂದಲ್ಲ, ಲುಕಿಂಗ್ ಗ್ಲಾಸ್ ಸ್ಟುಡಿಯೋಸ್‌ನ ‘ಥೀಫ್’ ಎಂಬ ಕಳ್ಳನ ಗೇಮ್‌ನಿಂದ. ಅಲ್ಲಿ ಕಾರ್ಪೆಟ್ಟಿನ ಮೇಲೆ ನಡೆದರೆ ಸದ್ದಿಲ್ಲ, ಲೋಹದ ಅಥವಾ ಟೈಲ್ಸ್‌ನ ನೆಲದ ಮೇಲೆ ನಡೆದರೆ ಕಾವಲುಗಾರ ಎಚ್ಚರ. ಸದ್ದು ತಗ್ಗಿಸಲು ಪಾಚಿಯ ಬಾಣ ಹೊಡೆದು ನೆಲವನ್ನು ಮೆತ್ತಗೆ ಮಾಡಿಕೊಳ್ಳಬಹುದು, ನೀರಿನ ಬಾಣದಿಂದ ಪಂಜು ಆರಿಸಬಹುದು. ಕಾವಲುಗಾರ ಎಲ್ಲಿದ್ದಾನೆ ಎಂಬುದರ ಜೊತೆಗೆ ನನ್ನ ಹೆಜ್ಜೆ ಎಷ್ಟು ಸದ್ದು ಮಾಡುತ್ತಿದೆ ಎಂದೂ ಆಟಗಾರ ಕೇಳಿಸಿಕೊಳ್ಳಬೇಕಾಯಿತು.

ಈ ಎಲ್ಲ ಎಳೆಗಳನ್ನು ಸ್ವೀಡನ್ನಿನ ಫ್ರಿಕ್ಷನಲ್ ಗೇಮ್ಸ್ 2010ರ ‘ಅಮ್ನೀಸಿಯಾ: ದ ಡಾರ್ಕ್ ಡಿಸೆಂಟ್’ನಲ್ಲಿ ಹೆಣೆಯಿತು. ಕತೆ ನಡೆಯುವುದು 1839ರಲ್ಲಿ, ಒಂದು ಕೋಟೆಯೊಳಗೆ. ಕತ್ತಲಲ್ಲಿ ನಿಂತರೆ ನಾಯಕನ ಮನಸ್ಸು ಕದಡುತ್ತದೆ, ಬೆಳಕಿನಲ್ಲಿ ನಿಂತರೆ ರಾಕ್ಷಸನಿಗೆ ಕಾಣುತ್ತಾನೆ. ರಾಕ್ಷಸನನ್ನು ದಿಟ್ಟಿಸಿದರೂ ಮನಸ್ಸು ಕದಡುತ್ತದೆ. ಆದ್ದರಿಂದ ಹೊಸ ಉಪಾಯ: ಹತ್ತಿರ ಬಂದರೆ ಲಾಟೀನು ಆರಿಸಿ, ಮೂಲೆಗೆ ಮುಖ ಮಾಡಿ, ನೋಡಬೇಡಿ, ಹೆಜ್ಜೆಯ ಸದ್ದು ದೂರವಾಗುವವರೆಗೆ ಎಣಿಸುತ್ತ ಕೂರಿ. ಇನ್ನೊಂದು ಸೂಕ್ಷ್ಮವಿದೆ. ಒಗಟು ಬಿಡಿಸಿದರೆ ಮನಸ್ಸು ತಿಳಿಯಾಗುತ್ತದೆ. ಅಂದರೆ ಹೆದರಿ ಕೂತಲ್ಲೇ ಕೂತವನಿಗಿಂತ ಕೆಲಸ ಮುಂದುವರಿಸಿದವನಿಗೆ ಗೇಮ್ ಹೆಚ್ಚು ದಯೆ ತೋರುತ್ತದೆ.

ಕೂತಲ್ಲೇ ಕೂರುವ ಉಪಾಯವನ್ನು ಇನ್ನಷ್ಟು ಕಷ್ಟ ಮಾಡಿದ್ದು ಇಂಗ್ಲೆಂಡಿನ ಕ್ರಿಯೇಟಿವ್ ಅಸೆಂಬ್ಲಿಯ ‘ಏಲಿಯನ್: ಐಸೊಲೇಷನ್’, 2014ರಲ್ಲಿ. ಅಲ್ಲಿನ ಏಲಿಯನ್‌ಗೆ ಎರಡು ಮೆದುಳು ಎಂದು ಹೇಳುವುದುಂಟು. ಒಂದು ಮೇಲ್ವಿಚಾರಕ, ಅದಕ್ಕೆ ನೀವು ಎಲ್ಲಿದ್ದೀರಿ ಎಂದು ಯಾವಾಗಲೂ ಗೊತ್ತು. ಆದರೆ ಅದು ಪ್ರಾಣಿಗೆ ‘ಆ ಕಡೆ ನೋಡು’ ಎಂದಷ್ಟೇ ಸುಳಿವು ಕೊಡುತ್ತದೆ. ಪ್ರಾಣಿ ತನ್ನ ಕಣ್ಣು ಕಿವಿಯಿಂದಲೇ ನಿಮ್ಮನ್ನು ಹುಡುಕಬೇಕು. ಪ್ರಾಣಿ ಬಹಳ ಹೊತ್ತು ನಿಮ್ಮ ಬಳಿಯೇ ಸುಳಿದರೆ ಮೇಲ್ವಿಚಾರಕ ಅದನ್ನು ಹಿಂದಕ್ಕೆ ಕರೆಸುತ್ತದೆ. ಪ್ಯಾಕ್‌ಮ್ಯಾನ್ ದೆವ್ವಗಳು ಚದುರುತ್ತಿದ್ದ ಅದೇ ಬಿಡುವು, ಮೂವತ್ತನಾಲ್ಕು ವರ್ಷದ ನಂತರ. ಇದು ತಿಳಿದವನು ಆತುರಪಡುವುದಿಲ್ಲ.

ಆದರೆ ಆಟ ಮುಂದುವರಿದಂತೆ ಪ್ರಾಣಿಯ ಹೊಸ ಹೊಸ ವರ್ತನೆಗಳು ಬಿಚ್ಚಿಕೊಳ್ಳುತ್ತವೆ. ಲಾಕರಿನಲ್ಲೇ ಪದೇ ಪದೇ ಅಡಗುತ್ತಿದ್ದರೆ ಅದು ಲಾಕರುಗಳನ್ನು ತಡಕಲು ಶುರು ಮಾಡುತ್ತದೆ. ನಿಮ್ಮ ಕೈಯ ಚಲನೆ ಪತ್ತೆ ಮಾಡುವ ಯಂತ್ರದ ಬೀಪ್ ಕೂಡ ಹತ್ತಿರವಿದ್ದರೆ ಅದಕ್ಕೆ ಕೇಳಿಸುತ್ತದೆ. ಕೆಲವು ಕನ್ಸೋಲ್‌ಗಳಲ್ಲಿ ಕ್ಯಾಮೆರಾ ಜೋಡಿಸಿದರೆ ನೀವು ಕೂತ ಕೋಣೆಯ ನಿಜವಾದ ಸದ್ದನ್ನೂ ಪ್ರಾಣಿಗೆ ಕೇಳಿಸುವಂತೆ ಮಾಡಬಹುದಿತ್ತು. ಮೂವರು ಹಂಚಿಕೊಂಡಿದ್ದ ನಮ್ಮ ಪುಣೆಯ ಫ್ಲ್ಯಾಟಿನಲ್ಲಿ ನಾನು ಅದನ್ನು ಆನ್ ಮಾಡಲೇ ಇಲ್ಲ. ಕುಕ್ಕರಿನ ಮೂರು ಸೀಟಿಗೆ ಮೂರು ಸಾವು ಗ್ಯಾರಂಟಿ.

ಇಷ್ಟೆಲ್ಲ ಚರಿತ್ರೆ ನಿಜವಾಗಿ ಕೆಲಸಕ್ಕೆ ಬಂದದ್ದು ಒಂದು ಪುಟ್ಟ ಮೊಬೈಲ್ ಗೇಮಿನಲ್ಲಿ. 2017ರಲ್ಲಿ ಬಂದ ‘ಗ್ರ್ಯಾನಿ’ಯನ್ನು ನೀವು ಆಡದಿದ್ದರೂ ಮನೆಯ ಮಕ್ಕಳು ಆಡಿರುತ್ತಾರೆ. ಅಜ್ಜಿಯೊಬ್ಬಳ ಮನೆಯಲ್ಲಿ ನೀವು ಬಂದಿ, ತಪ್ಪಿಸಿಕೊಳ್ಳಲು ಐದು ದಿನ. ದಾವಣಗೆರೆಯಲ್ಲಿರುವ ನನ್ನ ಅಕ್ಕನ ಮಗನಿಗೆ ಆಗ ಹತ್ತು ವರ್ಷ. ಗೆಳೆಯರೆಲ್ಲ ಆಡಿ ಮುಗಿಸಿದ್ದರು, ಇವನು ಮಾತ್ರ ಮೊದಲ ಮಹಡಿ ದಾಟಿರಲಿಲ್ಲ. ರಾತ್ರಿ ಲೈಟ್ ಆರಿಸಲು ಬಿಡುತ್ತಿರಲಿಲ್ಲ. ಡಿಲೀಟ್ ಮಾಡುತ್ತೇನೆ ಎಂದು ಅಕ್ಕ, ಬೇಡ ಎಂದು ಅವನು. ಡಿಲೀಟ್ ಮಾಡಿದರೆ ಗೇಮ್ ಹೋಗುತ್ತದೆ, ಅಜ್ಜಿ ತಲೆಯಲ್ಲೇ ಉಳಿಯುತ್ತಾಳೆ ಎಂದು ನನಗನ್ನಿಸಿತು. ಒಂದು ವಾರ ಕೊಡು ಅಕ್ಕ ಎಂದೆ.

ಪಕ್ಕದಲ್ಲಿ ಕೂತು ತೋರಿಸಲು ನಾನಿದ್ದದ್ದು ಪುಣೆಯಲ್ಲಿ. ಫೋನಿನಲ್ಲೇ ಶುರುವಾಯಿತು.

“ಅಜ್ಜಿ ಯಾಕೆ ಬಂದ್ಲು?”

“ಗೊತ್ತಿಲ್ಲ ಮಾಮ, ಓಡಿಬಿಟ್ಟೆ.”

“ಕೈಯಲ್ಲಿದ್ದದ್ದು ಏನಾದ್ರೂ ಬಿತ್ತಾ?”

“ಹ್ಞೂಂ, ಸುತ್ತಿಗೆ ಬಿತ್ತು.”

“ಹಂಗಾದ್ರೆ ನೀನು ಅವಳಿಗೆ ಕಂಡಿಲ್ಲ ಕಣೋ. ಸುತ್ತಿಗೆ ಕೇಳಿಸಿದೆ ಅಷ್ಟೆ.”

ಆ ಕಡೆ ಸ್ವಲ್ಪ ಹೊತ್ತು ಮೌನ. ಅಜ್ಜಿಗೆ ತಾನು ಎಲ್ಲಿದ್ದರೂ ಗೊತ್ತಾಗುತ್ತದೆ ಎಂದು ಅವನು ಅಲ್ಲಿಯವರೆಗೆ ನಂಬಿದ್ದ.

ಮೊದಲ ಎರಡು ದಿನ ಅಜ್ಜಿಯೇ ಇಲ್ಲದ ಪ್ರಾಕ್ಟೀಸ್ ಮೋಡ್‌ನಲ್ಲಿ ಮನೆ ಸುತ್ತಿದೆವು. ಅವನು ಕೋಣೆ ಕೋಣೆ ಹೇಳುತ್ತ ಹೋದ, ನಾನು ಇಲ್ಲಿ ಹಾಳೆಯ ಮೇಲೆ ಬರೆದುಕೊಂಡೆ, 1973ರ ಗುಹೆಯ ಹಾಗೆ. ಯಾವ ಹಲಗೆ ಕಿರುಗುಟ್ಟುತ್ತದೆ, ಯಾವ ಮಂಚದ ಕೆಳಗೆ ನುಸುಳಬಹುದು ಎಂದು ಗುರುತು ಹಾಕಿದೆವು. ವಸ್ತುಗಳ ಜಾಗ ಪ್ರತಿ ಆಟಕ್ಕೆ ಬದಲಾಗುತ್ತದೆ, ಆದ್ದರಿಂದ ವಿಡಿಯೋ ನೋಡಿ ಕೀಲಿ ಹುಡುಕಿದ ಗೆಳೆಯರ ಸಲಹೆ ಇವನಿಗೆ ಉಪಯೋಗಕ್ಕೆ ಬಂದಿರಲಿಲ್ಲ. ಮನೆ ಮಾತ್ರ ಬದಲಾಗುವುದಿಲ್ಲ. ಒಂದು ದಿನ ಸಿಕ್ಕಿಬಿದ್ದರೂ ಬಿಚ್ಚಿದ ಬೀಗ ಬಿಚ್ಚಿದ್ದೇ, ಹಾಗಾಗಿ ಆ ದಿನ ದಂಡವಲ್ಲ ಎಂಬುದೂ ಅವನಿಗೆ ಸಮಾಧಾನ ತಂದಿತು.

ಮೂರನೆಯ ದಿನ ಅವನೇ ಕೇಳಿದ: “ಮಾಮ, ಬೇಕಂತ ಬೀಳಿಸಿದ್ರೆ?” ಮೇಲಿನ ಕೋಣೆಯಲ್ಲಿ ಹೂದಾನಿ ಬೀಳಿಸಿ, ಅಜ್ಜಿ ಅಲ್ಲಿಗೆ ಬರುವಷ್ಟರಲ್ಲಿ ಬೇರೆ ದಾರಿಯಿಂದ ಕೆಳಗಿಳಿದು ಬಾಗಿಲ ಹತ್ತಿರ ಕೆಲಸ ಮಾಡುವುದು. ನಾನು ಹೇಳಿಕೊಟ್ಟದ್ದಲ್ಲ. ತಾನು ಮಾಡುವ ಸದ್ದು ಅಜ್ಜಿಯನ್ನು ಕರೆಯುತ್ತದೆ ಎಂದು ತಿಳಿದಮೇಲೆ ಅಜ್ಜಿಯನ್ನು ಎಲ್ಲಿಗೆ ಕಳಿಸಬೇಕು ಎಂಬುದು ತನ್ನ ಕೈಯಲ್ಲಿದೆ ಎಂದು ಅವನಿಗೇ ಹೊಳೆಯಿತು. ಆ ವಾರದ ಕೊನೆಗೆ ಅವನು ಮುಂಬಾಗಿಲಿನಿಂದ ಹೊರಬಂದ. ಲೈಟ್ ಆರಿಸಿ ಮಲಗಿದ ಎಂದು ಮರುದಿನ ಅಕ್ಕ ಹೇಳಿದಳು.

ಈಗ ನನ್ನನ್ನು ಕೇಳುವವರಿಗೆ ಹೇಳುವುದಿಷ್ಟೇ. ಹೊಸ ಗೇಮ್ ಸಿಕ್ಕಾಗ ಮೊದಲ ಹತ್ತು ನಿಮಿಷ ಕೀಲಿ ಹುಡುಕಬೇಡಿ. ಒಂದು ವಸ್ತು ಬೀಳಿಸಿ, ಎಷ್ಟು ಹೊತ್ತಿಗೆ ಬರುತ್ತಾರೆ ನೋಡಿ. ಬೆಳಕಿನಲ್ಲಿ ನಿಂತು, ಎಷ್ಟು ದೂರದಿಂದ ಕಾಣುತ್ತೀರಿ ನೋಡಿ. ಒಂದೇ ಜಾಗದಲ್ಲಿ ಎರಡು ಸಲ ಅಡಗಿ, ಮೂರನೆಯ ಸಲ ಏನಾಗುತ್ತದೆ ನೋಡಿ. ನಾಲ್ಕೈದು ಸಲ ಸಾಯುತ್ತೀರಿ, ಸಾಯಿರಿ. ಕಂಡದ್ದನ್ನು ಹಾಳೆಯ ಮೇಲೆ ಬರೆದುಕೊಳ್ಳಿ. ಗೈಡ್ ನೋಡಲೇಬೇಕಾದರೆ ಆಮೇಲೆ ನೋಡಿ, ಅಷ್ಟರಲ್ಲಿ ಅದರ ಅರ್ಧದಷ್ಟನ್ನು ನೀವೇ ಬರೆದಿರುತ್ತೀರಿ.