ಜೌಗು, ಗದ್ದೆ, ಕಪ್ಪೆ: ಕಾವೇರಿ ಮೇಲ್ಕಣಿವೆಯ ಉಭಯಚರ ಚರಿತ್ರೆ

ಕೊಡಗಿನ ಕಪ್ಪೆಗಳ ಲಿಖಿತ ಚರಿತ್ರೆ ಶುರುವಾಗುವುದು ಬೆಟ್ಟದಲ್ಲಿ. ಲಂಡನ್ನಿನ ಪ್ರಾಣಿಶಾಸ್ತ್ರಜ್ಞ ಆಲ್ಬರ್ಟ್ ಗುಂಥರ್ 1876ರಲ್ಲಿ ಬ್ರಹ್ಮಗಿರಿಯ ಒಂದು ಪುಟ್ಟ ನೆಲಗಪ್ಪೆಯನ್ನು ವರ್ಣಿಸಿದರು. ಮುಂದೆ ಬಂದವರ ಕಣ್ಣೂ ಹೆಚ್ಚಾಗಿ ಶೋಲಾ ಕಾಡು, ಹಳ್ಳ, ಜೌಗಿನ ಮೇಲೆಯೇ ಇತ್ತು. ಕಾವೇರಿ ಬಯಲಿಗಿಳಿಯುವ ಕುಶಾಲನಗರದ ಸೀಮೆ, ಅಂದರೆ ಬ್ರಿಟಿಷರ ಫ್ರೇಜರ್‌ಪೇಟೆ, ಮಳೆ ಕಡಿಮೆಯ ಗದ್ದೆನಾಡು. ಇಲ್ಲಿನ ಕಪ್ಪೆಗಳಿಗೂ ಚರಿತ್ರೆಯಿದೆ. ಅದನ್ನು ಬೆಟ್ಟದ ಕಪ್ಪೆಗಳ ಜೊತೆಗಿಟ್ಟು ಓದಬೇಕು ಎಂಬುದು ಈ ಲೇಖನದ ವಾದ.

ಕನ್ನಡನಾಡಿನ ಕಪ್ಪೆ ಅಧ್ಯಯನಕ್ಕೆ ಅಡಿಪಾಯ ಹಾಕಿದವರು ಸಿ.ಆರ್. ನಾರಾಯಣ ರಾವ್ (1882-1960). ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಪ್ರಾಣಿಶಾಸ್ತ್ರದ ಪ್ರಾಧ್ಯಾಪಕರು. 1932ರಲ್ಲಿ ಹುಟ್ಟಿದ ‘ಕರೆಂಟ್ ಸೈನ್ಸ್’ ಪತ್ರಿಕೆಯ ಮೊದಲ ಸಂಪಾದಕರು. 1920ರಲ್ಲಿ ಅವರು ಕೊಡಗಿನ ಒಂದು ಇರುಳುಗಪ್ಪೆಯನ್ನು ವರ್ಣಿಸಿ, ಕಾವೇರಿಯ ಪವಿತ್ರ ಜೌಗನ್ನು ನೆನೆದು ನಿಕ್ಟಿಬಟ್ರಾಕಸ್ ಸ್ಯಾಂಕ್ಟಿಪಲಸ್ಟ್ರಿಸ್ ಎಂದು ಹೆಸರಿಟ್ಟರು. 1937ರ ಅವರ ಇನ್ನೊಂದು ಪ್ರಬಂಧ ದಕ್ಷಿಣ ಭಾರತದ ಹಲವು ಹೊಸ ಕಪ್ಪೆಗಳನ್ನು ಬೆಳಕಿಗೆ ತಂದಿತು. ಆದರೆ ಆ ವರ್ಣನೆಗಳಿಗೆ ಆಧಾರವಾದ ಮೂಲ ಮಾದರಿಗಳು ಕಳೆದುಹೋದವು. ವರ್ಗೀಕರಣ ಶಾಸ್ತ್ರದಲ್ಲಿ ಇದಕ್ಕಿಂತ ದೊಡ್ಡ ನಷ್ಟವಿಲ್ಲ: ಹೆಸರು ಉಳಿಯುತ್ತದೆ, ಹೋಲಿಸಿ ನೋಡಲು ಕಪ್ಪೆಯೇ ಇರುವುದಿಲ್ಲ.

ಕಪ್ಪೆ ಸಂಶೋಧಕ ಎಸ್.ಡಿ. ಬಿಜು ಮತ್ತು ಸಂಗಡಿಗರು 2011ರಲ್ಲಿ ಪಶ್ಚಿಮಘಟ್ಟದ 12 ಹೊಸ ಇರುಳುಗಪ್ಪೆಗಳನ್ನು ವರ್ಣಿಸಿದಾಗ, ಕೊಡಗಿನ ಈ ಕಪ್ಪೆಯೂ 91 ವರ್ಷಗಳ ನಂತರ ಮತ್ತೆ ಸಿಕ್ಕಿತೆಂದು ಪ್ರಕಟಿಸಿದರು. ಗಾಜಿನ ಜಾಡಿಯಲ್ಲಿ ಉಳಿಯದ ಸಾಕ್ಷ್ಯ ನೆಲದಲ್ಲಿ ಉಳಿದಿತ್ತು. ಆ ನೆಲವನ್ನೇ ಅಗೆದು ಒಣಗಿಸಿದ್ದರೆ ರಾಯರ ವರ್ಣನೆ ಬರಿಯ ಅಕ್ಷರವಾಗಿರುತ್ತಿತ್ತು.

ಇರುಳುಗಪ್ಪೆಗಳ ಕುಲದಲ್ಲಿ ಉತ್ತರ ಕನ್ನಡದ ಕತ್ತಲೆಕಾನಿನ ಕುಂಬಾರ ಕಪ್ಪೆಯ ನಡವಳಿಕೆ ವಿಶಿಷ್ಟ. ಕೆ.ವಿ. ಗುರುರಾಜ ಮತ್ತು ಸಂಗಡಿಗರು ಅದನ್ನು 2014ರಲ್ಲಿ ವರ್ಣಿಸಿದರು. ಹೆಣ್ಣು ಹಳ್ಳದ ಮೇಲಿನ ಕಡ್ಡಿಗೆ ಮೊಟ್ಟೆ ಅಂಟಿಸಿ ಹೋದ ಮೇಲೆ ಗಂಡು ಹಿಂಗಾಲ ಮೇಲೆ ನಿಂತು, ಮುಂಗೈಗಳಿಂದ ಕೆಸರು ಬಾಚಿ ಮೊಟ್ಟೆಗಳಿಗೆ ಮೆತ್ತುತ್ತದೆ.

ಬಯಲಿನ ಕಥೆ ಬೇರೆ. ಗದ್ದೆಯ ಗೋಂಕರಕಪ್ಪೆ ಮೊದಲ ಮಳೆಗೆ ಹೊರಬರುತ್ತದೆ. ಗಂಡಿನ ಮೈ ನಿಂಬೆಹಳದಿಗೆ ತಿರುಗಿ, ಗಂಟಲ ಇಬ್ಬದಿಯ ಚೀಲಗಳು ಕಡುನೀಲಿಯಾಗಿ ಉಬ್ಬುತ್ತವೆ. ಕೀಟ, ಏಡಿ, ಇಲಿಮರಿ ಎಲ್ಲವೂ ಅದಕ್ಕೆ ಆಹಾರ. ಅದರ ತೊಡೆಯ ಮಾಂಸವೇ ಅದಕ್ಕೆ ಮುಳುವಾಯಿತು. ಯುರೋಪ್, ಅಮೆರಿಕದ ಊಟದ ಮೇಜಿಗೆ ಭಾರತದಿಂದ 1981ರಲ್ಲಿ ನಾಲ್ಕು ಸಾವಿರ ಟನ್ನಿಗೂ ಹೆಚ್ಚು ಕಪ್ಪೆಗಾಲು ಹೋಯಿತು. ಕಾಲು ಕತ್ತರಿಸುವ ಕ್ರೌರ್ಯ ಒಂದು ಕಡೆ, ಕಪ್ಪೆ ಕಡಿಮೆಯಾದಂತೆ ಕೀಟಬಾಧೆ ಏರುತ್ತದೆಂಬ ಆತಂಕ ಇನ್ನೊಂದು ಕಡೆ. 1985ರಲ್ಲಿ ಈ ಪ್ರಭೇದ ಅಂತರರಾಷ್ಟ್ರೀಯ ವ್ಯಾಪಾರ ನಿಯಂತ್ರಣದ ಪಟ್ಟಿಗೆ ಸೇರಿತು. 1987ರಲ್ಲಿ ಭಾರತ ರಫ್ತನ್ನೇ ನಿಷೇಧಿಸಿತು. ಗೋವಾದಲ್ಲಿ ‘ಜಂಪಿಂಗ್ ಚಿಕನ್’ ಹೆಸರಿನ ಕದ್ದುಮುಚ್ಚಿದ ಮಾರಾಟ ಆಮೇಲೂ ನಿಲ್ಲಲಿಲ್ಲ. ಕೊಡಗಿನಲ್ಲಿ ಮಳೆಗಾಲದ ಕಕ್ಕಡ ತಿಂಗಳ ಹೆಸರಾಂತ ತಿನಿಸುಗಳೆಂದರೆ ಬೈಂಬಳೆ (ಕಣಿಲೆ), ಏಡಿ, ಮದ್ದುಸೊಪ್ಪಿನ ಪಾಯಸ. ಆ ಸಾಲಿನಲ್ಲಿ ಕಪ್ಪೆಗೆ ಜಾಗವಿಲ್ಲ.

ನಂಬಿಕೆಯಲ್ಲಿ ಮಾತ್ರ ಕಪ್ಪೆಗೆ ಮೊದಲಿಂದಲೂ ಮಳೆಯ ನಂಟು. ಋಗ್ವೇದದ ಮಂಡೂಕಸೂಕ್ತದಿಂದ 2019ರ ಜೂನ್‌ನಲ್ಲಿ ಉಡುಪಿಯಲ್ಲಿ ನಡೆದ ಕಪ್ಪೆ ಮದುವೆಯವರೆಗೆ ಅದೇ ಎಳೆ. ಶೃಂಗೇರಿಯ ತುಂಗಾತೀರದ ಕಪ್ಪೆಶಂಕರ ಈ ಎಳೆಗೆ ಸೇರದ್ದು: ಪ್ರಸವಿಸುವ ಕಪ್ಪೆಗೆ ಹಾವು ಹೆಡೆಯ ನೆರಳು ಕೊಟ್ಟ ಕಥೆ ಅಲ್ಲಿಯದು. ಕಪ್ಪೆಯನ್ನು ಕರುಣೆಗೆ ಪಾತ್ರವಾದ ತಾಯಿಯಾಗಿ ಕಂಡದ್ದರಿಂದ ನನಗೆ ಅದೇ ಹೆಚ್ಚು ಮುಖ್ಯ.

ಕುಶಾಲನಗರದ ಸುತ್ತ ಇಂದು ಗದ್ದೆ ಶುಂಠಿಗೆ, ಶುಂಠಿಯ ನೆಲ ನಿವೇಶನಕ್ಕೆ ತಿರುಗುತ್ತಿದೆ. 2018 ಮತ್ತು 2019ರ ಆಗಸ್ಟ್ ನೆರೆಯಲ್ಲಿ ನದಿಬದಿಯ ಬಡಾವಣೆಗಳಿಗೆ ಕಾವೇರಿ ನುಗ್ಗಿದಾಗ, ನೀರಿಗೆ ಬೇಕಾದ ತಗ್ಗು ಯಾವುದೆಂಬುದು ಎಲ್ಲರಿಗೂ ಕಂಡಿತು. ಆ ತಗ್ಗುಗಳೇ ಕಪ್ಪೆಯ ತಾಣಗಳೂ ಹೌದು. ಬೆಟ್ಟದ ಕಪ್ಪೆಗೆ ನಾರಾಯಣ ರಾವ್ ಸಿಕ್ಕಿದರು. ಬಯಲಿನ ಕಪ್ಪೆಗೆ ಇಲ್ಲಿನ ಶಾಲಾ ಕಾಲೇಜುಗಳ ಅಧ್ಯಾಪಕರೇ ದಿಕ್ಕು. ಮುಂಗಾರಿನ ಮೊದಲ ಮಳೆಗೆ ವಿದ್ಯಾರ್ಥಿಗಳನ್ನು ಗದ್ದೆಬದಿಗೆ ಕರೆದೊಯ್ದು, ಕೂಗನ್ನು ಮೊಬೈಲಿನಲ್ಲಿ ಹಿಡಿದು, ದಿನಾಂಕ ಮತ್ತು ಜಾಗ ಬರೆದಿಡಿ; ಅದರ ಪ್ರತಿಯನ್ನು ಒಂದೇ ಕಡೆ ಬಿಡದೆ ಎರಡು ಕಡೆ ಕಾಪಿಡಿ.