ಕಲಾವಿದರ ಕೃತಿಸ್ವಾಮ್ಯ ವ್ಯಾಜ್ಯಗಳು (ಕರ್ನಾಟಕ)

ಹಾಡು, ನಾಟಕ, ನೃತ್ಯಗಳನ್ನು ಕಟ್ಟಿದವರಿಗೂ ಅವನ್ನು ಪ್ರದರ್ಶಿಸುವ, ಮಾರುವ ಸಂಸ್ಥೆಗಳಿಗೂ ನಡೆದ ವ್ಯಾಜ್ಯಗಳಿವು. ಇವಕ್ಕೆ ಆಧಾರ 1957ರ ಕೃತಿಸ್ವಾಮ್ಯ ಕಾಯ್ದೆ. ಮೊದಲ ದಶಕಗಳಲ್ಲಿ ಸಿನಿಮಾ ಹಾಡು ಬರೆದವರಿಗೆ ಅದರಿಂದ ಹೆಚ್ಚೇನೂ ದಕ್ಕಲಿಲ್ಲ. ಬೇರೆ ಕರಾರಿಲ್ಲದಿದ್ದರೆ ದುಡ್ಡು ಕೊಟ್ಟು ಬರೆಸಿಕೊಂಡ ನಿರ್ಮಾಪಕನೇ ಹಾಡಿನ ಒಡೆಯ ಎಂದು 1977ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಚಿತ್ರಮಂದಿರದ ಹೊರಗಿನ ಬಳಕೆಯಲ್ಲಿ ಗೀತರಚನೆಕಾರರಿಗೂ ಸಂಗೀತ ನಿರ್ದೇಶಕರಿಗೂ ರಾಯಲ್ಟಿಯ ಪಾಲು ಖಾತ್ರಿಯಾದದ್ದು 2012ರ ತಿದ್ದುಪಡಿಯಿಂದ. ಅಷ್ಟರಲ್ಲಿ ಒಂದು ತಲೆಮಾರೇ ಕಳೆದಿತ್ತು.

ಕನ್ನಡ ರಂಗಭೂಮಿಯ ಮಟ್ಟಿಗೆ ಮುಖ್ಯವಾದದ್ದು ಕೋಟ ಶಿವರಾಮ ಕಾರಂತರ ಯಕ್ಷಗಾನ ಬ್ಯಾಲೆಯ ಪ್ರಕರಣ. ಇಲ್ಲಿ ಎದುರಾಳಿ ಲಾಭದ ಕಂಪನಿಯಲ್ಲ, ಶಿಕ್ಷಣ ಸಂಸ್ಥೆ. ಕಾರಂತರು ಮಾತು ಬಿಟ್ಟು, ರಾಗ, ಹೆಜ್ಜೆ, ವೇಷಗಳನ್ನು ಹೊಸದಾಗಿ ಹೊಂದಿಸಿ ಏಳು ಪ್ರಸಂಗಗಳನ್ನು ರೂಪಿಸಿದ್ದರು. 1994ರ ಉಯಿಲಿನ ಮೂಲಕ ಹಕ್ಕು ಬಿ. ಮಾಲಿನಿ ಮಲ್ಯ ಅವರಿಗೆ ಬಂತು. 2001ರಲ್ಲಿ ಮಣಿಪಾಲದ ಅಕಾಡೆಮಿ ಆಫ್ ಜನರಲ್ ಎಜುಕೇಶನ್ ಸಂಸ್ಥೆಯ ತಂಡ ಅವರ ಒಪ್ಪಿಗೆಯಿಲ್ಲದೆ ದೆಹಲಿಯಲ್ಲಿ 'ಅಭಿಮನ್ಯು ವಧೆ' ಆಡಿತು. ಮಲ್ಯ ದಾವೆ ಹೂಡಿದರು. ಪ್ರಸಂಗದ ಕಥೆ ಮಹಾಭಾರತದ್ದು, ಯಕ್ಷಗಾನ ಎಲ್ಲರದ್ದು, ಹಾಗಿರುವಾಗ ಕಾರಂತರದ್ದು ಏನು? ಅವರು ಕಟ್ಟಿದ ರಂಗರೂಪ ಕಾಯ್ದೆಯ ಅರ್ಥದಲ್ಲಿ ನಾಟಕಕೃತಿಯೇ ಎಂದು 2007ರಲ್ಲಿ ಹೈಕೋರ್ಟ್ ಒಪ್ಪಿತು. 2009ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಹಕ್ಕನ್ನು ಉಳಿಸಿ, ಸಂಸ್ಥೆಯ ಮೇಲಿದ್ದ ತಡೆಯಾಜ್ಞೆಯನ್ನು ಮಾತ್ರ ತಿದ್ದಿತು: ಕಾಯ್ದೆಯ 52ನೇ ಕಲಮಿನ ವಿನಾಯಿತಿಗಳು ಸಂಸ್ಥೆಗೂ ಸಿಗಬೇಕು.

ಆ ಕಲಮು ವಿಜಯನಗರ ಜಿಲ್ಲೆಯ ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿಗಳ ಹಳ್ಳಿ ಕಲಾವಿದರಿಗೂ ನೇರವಾಗಿ ಸಂಬಂಧಿಸಿದ್ದು. ಹವ್ಯಾಸಿ ಸಂಘದವರು ಟಿಕೆಟ್ಟಿಲ್ಲದೆ, ಇಲ್ಲವೇ ಧಾರ್ಮಿಕ ಸಂಸ್ಥೆಯ ನೆರವಿಗಾಗಿ ನಾಟಕವಾಡಿದರೆ ಅದು ಉಲ್ಲಂಘನೆಯಲ್ಲ. ಜಾತ್ರೆಯಲ್ಲಿ ಊರ ಹುಡುಗರು ಪುಕ್ಕಟೆಯಾಗಿ ಆಡುವ ಸಾಮಾಜಿಕ ನಾಟಕಕ್ಕೆ ರಕ್ಷಣೆ ಇದೇ. ಟಿಕೆಟ್ಟಿಟ್ಟು ಆಡುವ ಕಂಪನಿ ಮಾತ್ರ ನಾಟಕಕಾರರ ಒಪ್ಪಿಗೆ ಪಡೆಯಬೇಕು. ಈ ಗೆರೆ ನ್ಯಾಯವಾದದ್ದು.

ಅನ್ಯಾಯ ಉಳಿದಿರುವುದು ಬೇರೆಡೆ. ಇಲ್ಲಿನ ದೊಡ್ಡಾಟದ ಮಟ್ಟುಗಳಿಗೂ ಜೋಗತಿಯರ ಎಲ್ಲಮ್ಮನ ಹಾಡುಗಳಿಗೂ ಒಬ್ಬ ಕರ್ತೃವಿಲ್ಲ. 1994ರ ತಿದ್ದುಪಡಿ ಹಾಡಿದವರಿಗೆ ತಮ್ಮ ಪ್ರದರ್ಶನದ ಮೇಲೆ ಹಕ್ಕು ಕೊಟ್ಟಿತು. ಆದರೆ ಪರಂಪರೆಯ ಧಾಟಿಯನ್ನು ಸಿನಿಮಾದವರು ಎತ್ತಿಕೊಂಡರೆ ಸಮುದಾಯಕ್ಕೆ ಕೇಳುವ ದಾರಿಯಿಲ್ಲ.

ಹೆಸರುಳ್ಳ ತಂಡಗಳಿಗೆ ಆ ದಾರಿಯಿದೆ. 'ಕಾಂತಾರ' ಸಿನಿಮಾದ 'ವರಾಹ ರೂಪಂ' ಹಾಡು ತಮ್ಮ 'ನವರಸಂ' ಹಾಡಿನ ನಕಲೆಂದು ಕೇರಳದ ತೈಕ್ಕುಡಂ ಬ್ರಿಡ್ಜ್ ತಂಡ 2022ರಲ್ಲಿ ಅದರ ನಿರ್ಮಾಪಕರಾದ ಹೊಂಬಾಳೆ ಫಿಲಂಸ್ ವಿರುದ್ಧ ಕೋರ್ಟಿಗೆ ಹೋಗಿ ತಾತ್ಕಾಲಿಕ ತಡೆ ಪಡೆದಿತ್ತು.

ಕೃತಿಸ್ವಾಮ್ಯದ ಅವಧಿ ಕರ್ತೃವಿನ ನಿಧನದ ನಂತರ 60 ವರ್ಷ. 1997ರಲ್ಲಿ ತೀರಿಕೊಂಡ ಕಾರಂತರ ಕೃತಿಗಳ ಹಕ್ಕು 2057ರ ಕೊನೆಯವರೆಗೆ ಇರುತ್ತದೆ.