ಡೆಲ್ಫಿನ್ ಸೇರಿಗ್: ಅರಮನೆಯಿಂದ ಅಡುಗೆಮನೆಗೆ

ಭಾಷಾವಿಜ್ಞಾನ ಓದಿದ ನನ್ನ ಶಿಷ್ಯರಿಗೆ ಸೊಸ್ಯೂರನ ಹೆಸರು ಪರಿಚಿತ. ಆ ಮಹನೀಯನ ಸೋದರನ ಮೊಮ್ಮಗಳು ಫ್ರೆಂಚ್ ಚಿತ್ರರಂಗದ ಹೆಸರಾಂತ ನಟಿಯೆಂಬ ಸಂಗತಿ ನನಗೆ ತಿಳಿದದ್ದು ನಿವೃತ್ತನಾದ ಮೇಲೆಯೇ.

ಡೆಲ್ಫಿನ್ ಸೇರಿಗ್ ಜನಿಸಿದ್ದು 1932ರಲ್ಲಿ, ಬೈರೂತ್ ನಗರದಲ್ಲಿ. ತಂದೆ ಪುರಾತತ್ತ್ವಜ್ಞ. ಆಕೆ ನ್ಯೂಯಾರ್ಕಿನಲ್ಲಿ ಅಭಿನಯ ಕಲಿಯಲು ಹೋಗಿ, ಅಲ್ಲಿಯ ಕವಿಗಳೂ ಚಿತ್ರಕಾರರೂ ಕೂಡಿ ತೆಗೆದ ‘ಪುಲ್ ಮೈ ಡೈಸಿ’ (1959) ಎಂಬ ಕಿರುಚಿತ್ರದಲ್ಲಿ ನಟಿಸಿದರು. ಕೀರ್ತಿ ತಂದದ್ದು 1961ರಲ್ಲಿ ಅಲೆನ್ ರೆನೇ ನಿರ್ದೇಶಿಸಿದ ಮರಿಯೆನ್‌ಬಾಡ್ ಕುರಿತ ಚಿತ್ರ. ಅರಮನೆಯಂಥ ಹೋಟೆಲು, ಗರಿಗಳ ಉಡುಪು, ಮಂದ್ರಸ್ಥಾಯಿಯ ಆ ಕಂಠ! 1963ರಲ್ಲಿ ‘ಮ್ಯೂರಿಯೆಲ್’ ಚಿತ್ರಕ್ಕಾಗಿ ವೆನಿಸ್ ಉತ್ಸವದ ಶ್ರೇಷ್ಠ ನಟಿ ಪ್ರಶಸ್ತಿ ಲಭಿಸಿತು. ಮುಂದೆ ತ್ರುಫೋ, ಬುನ್ಯುಯೆಲ್ ಮೊದಲಾದವರ ಚಿತ್ರಗಳು ಬಂದವು.

ಇಂಥ ನಟಿ 1975ರಲ್ಲಿ, ಇನ್ನೂ ಇಪ್ಪತ್ತೈದು ತುಂಬದ ಶಾಂತಾಲ್ ಅಕರ್‌ಮಾನ್ ಎಂಬ ಬೆಲ್ಜಿಯಂ ತರುಣಿಯ ‘ಜಾನ್ ದೀಲ್ಮಾನ್’ ಚಿತ್ರದಲ್ಲಿ ನಾಯಕಿಯಾದರು. ಚಿತ್ರತಂಡದಲ್ಲಿ ಬಹುಪಾಲು ಹೆಂಗಸರೇ. 201 ನಿಮಿಷಗಳ ಚಿತ್ರ. ಬ್ರಸೆಲ್ಸಿನ ಒಬ್ಬ ವಿಧವೆಯ ಮೂರು ದಿನಗಳ ಕಥೆ. ಆಕೆ ಆಲೂಗಡ್ಡೆ ಸುಲಿಯುತ್ತಾಳೆ, ಪಾತ್ರೆ ತೊಳೆಯುತ್ತಾಳೆ, ಮಗನಿಗೆ ಬಡಿಸುತ್ತಾಳೆ. ಜೀವನೋಪಾಯಕ್ಕಾಗಿ ಮಧ್ಯಾಹ್ನ ಗಂಡಸರನ್ನು ಮನೆಗೆ ಬರಮಾಡಿಕೊಳ್ಳುತ್ತಾಳೆ. ಮಾತು ಅತ್ಯಲ್ಪ. ಯಾವ ಕಂಠಕ್ಕೆ ಪ್ಯಾರಿಸ್ ಮರುಳಾಗಿತ್ತೋ ಆ ಕಂಠವನ್ನೇ ಬದಿಗಿಟ್ಟು ಅಭಿನಯಿಸಿದ ಧೈರ್ಯ ನನಗೆ ದೊಡ್ಡದಾಗಿ ಕಾಣುತ್ತದೆ. ಚಿತ್ರೀಕರಣದ ವೇಳೆ ದಾಖಲಿಸಿದ ಒಂದು ವಿಡಿಯೊ ಉಳಿದಿದೆ. ಅದರಲ್ಲಿ ಸೇರಿಗ್, ತಮಗಿಂತ ಹದಿನೆಂಟು ವರ್ಷ ಕಿರಿಯಳಾದ ನಿರ್ದೇಶಕಿಯನ್ನು ಒಂದೊಂದು ಚಲನೆಗೂ ಕಾರಣ ಕೇಳುತ್ತಾರೆ, ಪಾಠ ಬಿಡಿಸಿ ಹೇಳೆಂದು ಪಟ್ಟುಹಿಡಿದ ವಿದ್ಯಾರ್ಥಿನಿಯಂತೆ.

ನಾನು ಚಿತ್ರವನ್ನು ಎರಡು ರಾತ್ರಿ ಕುಳಿತು ನೋಡಿದೆ. ಮೊದಲ ರಾತ್ರಿ ತೂಕಡಿಸಿದೆನೆಂದು ಒಪ್ಪಿಕೊಳ್ಳುತ್ತೇನೆ. ಎರಡನೆಯ ರಾತ್ರಿ, ಆಲೂಗಡ್ಡೆ ಮಿತಿಮೀರಿ ಬೆಂದು, ಆಕೆ ಪಾತ್ರೆ ಹಿಡಿದು ಕೋಣೆಯಿಂದ ಕೋಣೆಗೆ ಅಲೆಯತೊಡಗಿದಾಗ ನನ್ನ ಶ್ರೀಮತಿ, “ಇವಳಿಗೆ ಏನೋ ಆಗಿದೆ ರೀ” ಎಂದಳು. ನನಗೆ ಅದು ಹೊಳೆಯಲು ಇನ್ನೂ ಕಾಲುಗಂಟೆ ಹಿಡಿಯಿತು. ನಲವತ್ತು ವರ್ಷಗಳಿಂದ ಅವಳ ಅಡುಗೆ ಉಂಡವನು ನಾನು.

2022ರಲ್ಲಿ ‘ಸೈಟ್ ಅಂಡ್ ಸೌಂಡ್’ ಪತ್ರಿಕೆ ವಿಮರ್ಶಕರ ಮತ ಕೇಳಿದಾಗ ಸಾರ್ವಕಾಲಿಕ ಶ್ರೇಷ್ಠ ಚಿತ್ರಗಳಲ್ಲಿ ಇದಕ್ಕೆ ಮೊದಲ ಸ್ಥಾನ ದೊರೆಯಿತು. ಹತ್ತು ವರ್ಷ ಹಿಂದೆ ಇದು 36ನೆಯದಾಗಿತ್ತು. ಅಕರ್‌ಮಾನ್ 2015ರಲ್ಲಿಯೂ, ಸೇರಿಗ್ 1990ರಲ್ಲಿಯೂ ತೀರಿಕೊಂಡಿದ್ದರು.

ಇನ್ನೊಂದು ಮಾತು. ಸೇರಿಗ್ ಸ್ವತಃ ವಿಡಿಯೊ ಕ್ಯಾಮೆರಾ ಬಳಕೆ ಕಲಿತು, ಜೇನ್ ಫಾಂಡಾ ಸೇರಿದಂತೆ ಇಪ್ಪತ್ತಕ್ಕೂ ಹೆಚ್ಚು ನಟಿಯರ ಸಂದರ್ಶನಗಳ ಸಾಕ್ಷ್ಯಚಿತ್ರ ನಿರ್ಮಿಸಿದರು. ಅದರ ಹೆಸರಿನ ಅರ್ಥ ‘ಅಂದವಾಗಿರು, ಬಾಯಿ ಮುಚ್ಚಿಕೊಂಡಿರು’. ಅದನ್ನು ನಾವಿಬ್ಬರೂ ಇನ್ನೂ ನೋಡಿಲ್ಲ. ನೋಡಿದ ಮೇಲೆ ಬರೆಯುತ್ತೇನೆ.